ಅಪ್ಪನ ಪ್ರಶ್ನೆಗೆ ಬಾಸ್ಟನ್ನಿಂದ ಒಂದು ಕಾಗದ

ಅಪ್ಪ,

ನಮಸ್ಕಾರ. ಹೊಲಿಗೆ ಬಿಚ್ಚಿದ್ದು ಕೇಳಿ ಸಮಾಧಾನ ಆಯ್ತು, ಆದ್ರೆ ಅಮ್ಮ ಹೇಳಿದ್ಲು ನೀವು ಆಗ್ಲೇ ರಥಬೀದಿ ತನಕ ನಡ್ಕೊಂಡು ಹೋಗಿ ಬಂದ್ರಿ, ಬರುವಾಗ ಚೀಲದಲ್ಲಿ ಮಟ್ಟುಗುಳ್ಳ ಬೇರೆ ಇತ್ತು ಅಂತ. ಡಾಕ್ಟ್ರು ಭಾರ ಎತ್ಬೇಡಿ ಅಂದದ್ದು ಮಟ್ಟುಗುಳ್ಳ ಸೇರಿಸಿಯೇ, ಆಯ್ತಾ.

ಮೊನ್ನೆ ಫೋನಲ್ಲಿ ನೀವು ಕೇಳಿದ್ರಲ್ಲ, "ನಿದ್ದೆ ಮಾಡಿ ಎದ್ರೆ ಹೊತ್ತು ಹೋದದ್ದಾದ್ರೂ ಗೊತ್ತಾಗ್ತದೆ, ಇಲ್ಲಿ ಅದೂ ಇಲ್ಲ ಮಾರಾಯ್ತಿ, ಕೈಗೆ ಎಂತದೋ ಬೆಳ್ಳಗಿನ ಮದ್ದು ಹಾಕಿದ್ರು, ಕಣ್ಣು ಬಿಟ್ಟಾಗ ಪಿತ್ತಕೋಶವೇ ಇಲ್ಲ, ನಡುವೆ ನಾನು ಎಲ್ಲಿದ್ದೆ?" ಅಂತ. ನನ್ನ ಕೆಲಸ ಎಂತ ಅಂತ ನೆಂಟ್ರು ಕೇಳಿದ್ರೆ "ತಲೆಗೆ ವಯರ್ ಕಟ್ಟುದು" ಅಂತ ಹೇಳಿ ಮುಗಿಸ್ತಿದ್ದ ನೀವು ಕೊನೆಗೂ ನನ್ನ ಕೆಲಸದ ಪ್ರಶ್ನೆಯನ್ನೇ ಕೇಳಿದ್ರಿ, ಅದಕ್ಕೇ ವಾಟ್ಸಾಪ್ ಬಿಟ್ಟು ಕಾಗದ.

ಆ ಬೆಳ್ಳಗಿನ ಮದ್ದು ಪ್ರೊಪೊಫಾಲ್ ಅನ್ನುವ ಅರಿವಳಿಕೆ ಇರ್ಬೇಕು, ಸೋಯಾ ಎಣ್ಣೆಯಲ್ಲಿ ಕಲಸಿದ್ದಕ್ಕೆ ಆ ಬಣ್ಣ. ಅದು ಮಿದುಳನ್ನು ಆಫ್ ಮಾಡುದು ಅಂತ ಜನ ತಿಳ್ಕೊಂಡಿದ್ದಾರೆ, ಹಾಗಲ್ಲ. ನಾವು ದಿನಾ ನೋಡುವ ಇಇಜಿಯಲ್ಲಿ, ಅಂದ್ರೆ ತಲೆಗೆ ವಯರ್ ಕಟ್ಟಿ ಮಿದುಳಿನ ವಿದ್ಯುತ್ತನ್ನು ಗೆರೆಯಾಗಿ ತೋರಿಸುದರಲ್ಲಿ, ಮದ್ದು ಹೋದ ಸ್ವಲ್ಪ ಹೊತ್ತಿಗೆ ಗೆರೆಗಳು ನಿಲ್ಲುದಿಲ್ಲ, ದೊಡ್ಡದಾಗ್ತವೆ, ನಿಧಾನ ಆಗ್ತವೆ, ಮೊದ್ಲು ಸಣ್ಣಸಣ್ಣಗೆ ಚಡಪಡಿಸ್ತಿದ್ದದ್ದು ಈಗ ಉದ್ದುದ್ದ ಏರಿ ಇಳೀತದೆ. ಕೆಲಸ ನಡೀತಾ ಉಂಟು, ಆದ್ರೆ ದೂರದೂರದ ಭಾಗಗಳ ನಡುವಿನ ಮಾತು ಕೆಡ್ತದೆ. ಮಿಲಾನಿನ ಮಾಸಿಮಿನಿ ಅಂತ ಒಬ್ರು ತಲೆಯ ಹೊರಗಿಂದ ಅಯಸ್ಕಾಂತದಲ್ಲಿ ಒಂದು ತಟ್ಟು ತಟ್ಟಿ ಅದರ ಪ್ರತಿಧ್ವನಿ ಎಲ್ಲಿವರೆಗೆ ಹೋಗ್ತದೆ ಅಂತ ಅಳೆದ್ರು. ಎಚ್ಚರ ಇರುವಾಗ ಅದು ಮಿದುಳಿಡೀ ಸುತ್ತಿ, ಜಾಗ ಜಾಗದಲ್ಲಿ ಬೇರೆ ಬೇರೆ ರೂಪ ತಗೊಳ್ತದೆ, ಪ್ರೊಪೊಫಾಲ್ ಕೊಟ್ರೆ ತಟ್ಟಿದಲ್ಲೇ ಸತ್ತುಹೋಗ್ತದೆ. ಗಾಢ ನಿದ್ದೆಯಲ್ಲೂ ಹಾಗೇ. ಕನಸು ಬೀಳುವಾಗ ಮಾತ್ರ ಮತ್ತೆ ಹರಡ್ತದೆ.

ಇಲ್ಲಿಂದ ಮುಂದೆ, ಪ್ರಜ್ಞೆ ಅಂದ್ರೆ ಎಂತ ಅನ್ನುದರಲ್ಲಿ ಜಗಳ. ಬರ್ನಾರ್ಡ್ ಬಾರ್ಸ್ ಅನ್ನುವ ವಿಜ್ಞಾನಿ 1988ರಲ್ಲಿ ಹೇಳಿದ್ದು ನಾಟಕದ ರಂಗದ ಲೆಕ್ಕ, ನಾನು ನಿಮಗೆ ಯಕ್ಷಗಾನದಲ್ಲೇ ಹೇಳ್ತೇನೆ. ಚೌಕಿಯಲ್ಲಿ ನೂರು ಕೆಲಸ ನಡೀತಿರ್ತದೆ, ಬಣ್ಣ, ಗೆಜ್ಜೆ, ಯಾರದೋ ಚಾ, ಅದ್ಯಾವುದೂ ನಿಮಗೆ ಕಾಣುದಿಲ್ಲ. ರಂಗಸ್ಥಳಕ್ಕೆ ಬಂದ ವೇಷ ಮಾತ್ರ ಎಲ್ಲರಿಗೂ ಒಟ್ಟಿಗೆ ಕಾಣ್ತದೆ, ಹಾಗೆ ಇಡೀ ಮಿದುಳಿಗೆ ಒಟ್ಟಿಗೆ ಗೊತ್ತಾಗುದೇ ಪ್ರಜ್ಞೆ. ಟೊನೋನಿ ಅನ್ನುವ ಇನ್ನೊಬ್ರು ವಿಜ್ಞಾನಿ 2004ರಲ್ಲಿ ಬೇರೆ ದಾರಿ ಹಿಡಿದ್ರು, ಭಾಗಗಳು ಒಂದಕ್ಕೊಂದು ಎಷ್ಟು ಹೆಣೆದುಕೊಂಡಿವೆಯೋ ಅಷ್ಟು ಪ್ರಜ್ಞೆ, ಅದಕ್ಕೊಂದು ಗಣಿತ ಕೂಡ. ಕೇಳ್ಲಿಕ್ಕೆ ವಿಚಿತ್ರ, ಆದ್ರೆ ಒಂದು ವಿಷಯಕ್ಕೆ ಚೆಂದದ ಉತ್ತರ ಕೊಡ್ತದೆ. ನಮ್ಮ ಮಿದುಳಿನ ಸುಮಾರು 86 ಬಿಲಿಯನ್ ನರಕೋಶದಲ್ಲಿ 69 ಬಿಲಿಯನ್ ಹಿಂದಿನ ಸಣ್ಣ ಮಿದುಳಲ್ಲೇ ಉಂಟು, ಅದಕ್ಕೆ ಪೆಟ್ಟಾದ್ರೆ ನಡಿಗೆ ತೂರಾಡ್ತದೆ, ಮಾತು ತೊದಲ್ತದೆ, ಆದ್ರೆ ಎಚ್ಚರ ಹೋಗುದಿಲ್ಲ! ಯಾಕಂದ್ರೆ ಅಲ್ಲಿಯ ಸರ್ಕ್ಯೂಟುಗಳು ಒಂದರ ಗೊಡವೆಗೆ ಒಂದು ಹೋಗದೆ ಕೆಲಸ ಮಾಡುವಂಥವು, ಲೆಕ್ಕ ಇರುದು ಸಂಖ್ಯೆಯಲ್ಲಲ್ಲ, ಹೆಣಿಗೆಯಲ್ಲಿ.

ಎರಡೂ ಪಕ್ಷದವ್ರನ್ನು ಕೂರಿಸಿ, ಮೊದ್ಲೇ ಯಾರ್ಯಾರು ಎಂತ ಹೇಳ್ತೀರಿ ಬರ್ಕೊಡಿ ಅಂತ ಹೇಳಿ 256 ಜನರ ಮೇಲೆ ಪ್ರಯೋಗ ಮಾಡಿದ್ರು, 2025ರಲ್ಲಿ ನೇಚರ್ ಪತ್ರಿಕೆಯಲ್ಲಿ ಬಂತು. ಇಬ್ರಿಗೂ ಪೆಟ್ಟು, ಇಬ್ರೂ ಹೇಳಿದ್ದರಲ್ಲಿ ಕೆಲವು ಆಗ್ಲಿಲ್ಲ. ಕ್ರಿಸ್ಟೋಫ್ ಕಾಖ್ ಅನ್ನುವ ವಿಜ್ಞಾನಿ 1998ರಲ್ಲಿ, ಇನ್ನು 25 ವರ್ಷದಲ್ಲಿ ಮಿದುಳಲ್ಲಿ ಪ್ರಜ್ಞೆ ಹುಟ್ಟುವ ಗುಟ್ಟು ಬಯಲಾಗ್ತದೆ ಅಂತ ಚಾಮರ್ಸ್ ಅನ್ನುವ ತತ್ವಜ್ಞಾನಿ ಹತ್ರ ಬೆಟ್ ಕಟ್ಟಿದ್ರು, 2023ರಲ್ಲಿ ಸೋತು ವೈನ್ ಬಾಟ್ಲಿ ಕೊಟ್ರು. (ಅಮ್ಮನಿಗೆ ಇದನ್ನು ಓದಿ ಹೇಳ್ಬೇಡಿ, ಮತ್ತೆ ಅಲ್ಲಿ ಎಲ್ಲ ಕುಡಿಯುವವ್ರಾ ಅಂತ ಶುರು ಮಾಡ್ತಾಳೆ.)

ಈಗ ನಿಮ್ಮ ವಾದಕ್ಕೆ ಬರ್ತೇನೆ. ನೀವು ಹೇಳಿದ್ದು, ಮಧ್ವಾಚಾರ್ಯರ ಪ್ರಕಾರ ಗಾಢ ನಿದ್ದೆಯಲ್ಲೂ ಸಾಕ್ಷಿ, ಅಂದ್ರೆ ಒಳಗಿದ್ದು ಕಾಣುವ ಆತ್ಮದ ಅರಿವು, ಎಚ್ಚರವೇ, ಕಾಲವನ್ನು ತಿಳಿಯುದೇ ಅದು, ಅದಕ್ಕೇ ಎದ್ದವ "ಸುಖವಾಗಿ ಮಲಗಿದ್ದೆ" ಅಂತಾನೆ, ಹಾಗಾದ್ರೆ ಟೇಬಲ್ ಮೇಲೆ ನನ್ನ ಸಾಕ್ಷಿ ಎಲ್ಲಿ ಹೋಗಿತ್ತು ಅಂತ. ಆದ್ರೆ ಅಪ್ಪ, ನಿಮಗೆ ಗೊತ್ತಿರುದು ನೆನಪಿಲ್ಲ ಅಂತ ಮಾತ್ರ. ಏನೂ ಆಗ್ಲೇ ಇಲ್ಲ ಅನ್ಲಿಕ್ಕೆ ಅದು ಸಾಕಾ?

1977ರಲ್ಲಿ ಟನ್‌ಸ್ಟಾಲ್ ಅನ್ನುವ ಡಾಕ್ಟ್ರು ಒಂದು ಉಪಾಯ ತೋರಿಸಿದ್ರು. ಸ್ನಾಯು ಸಡಿಲ ಮಾಡುವ ಮದ್ದು ಕೊಡುವ ಮೊದ್ಲು ಒಂದು ಮುಂಗೈಗೆ ಬಿಪಿ ನೋಡುವ ಪಟ್ಟಿ ಬಿಗಿಯುದು, ಆ ಕೈಗೆ ಮದ್ದು ಹೋಗುದಿಲ್ಲ, ಆಮೇಲೆ ಕಿವಿ ಹತ್ರ ಹೆಸರು ಕರೆದು "ಕೇಳಿಸ್ತಾ ಇದ್ರೆ ನನ್ನ ಕೈ ಹಿಸುಕಿ" ಅನ್ನುದು. 2017ರಲ್ಲಿ ಬಂದ ಒಂದು ದೊಡ್ಡ ಅಧ್ಯಯನದಲ್ಲಿ 260 ಜನರಲ್ಲಿ 12 ಜನ, ಗಂಟಲಿಗೆ ಟ್ಯೂಬ್ ಹಾಕಿದ ಮೇಲೆ, ಹಾಗೆ ಹೇಳಿದ್ದಕ್ಕೆ ಹಿಸುಕಿದ್ರು. ಎದ್ದ ಮೇಲೆ ಅವ್ರ್ಯಾರಿಗೂ ಅದು ನೆನಪಿಲ್ಲ. ನಿಮ್ಮ ಹಾಗೆ ಅವರೂ "ನಾನು ಎಲ್ಲಿದ್ದೆ" ಅಂತ ಮನೆಯವ್ರ ಹತ್ರ ಕೇಳಿರ್ಬಹುದು. ಹೆದರ್ಬೇಡಿ, ಉಳಿದ 248 ಜನ ಕೈ ಅಲ್ಲಾಡಿಸ್ಲಿಲ್ಲ, ನೀವು ಅದರಲ್ಲೇ ಅಂತ ನನ್ನ ಲೆಕ್ಕ.

ಹಾಗಾಗಿ ಸಿದ್ಧಾಂತ ಯಾವ್ದು ಗೆಲ್ತದೆ ಅನ್ನುದಕ್ಕಿಂತ ನನಗೆ ಈ 12 ಕೈಗಳೇ ದೊಡ್ಡ ತಲೆನೋವು. ಸಂಜೆ ಮಠದ ಹತ್ರ ಪಾಠಕ್ಕೆ ಹೋಗ್ತೀರಲ್ಲ, ಅಲ್ಲಿ ಭಟ್ರ ಹತ್ರ ಇದನ್ನೇ ಕೇಳಿ: ಸಾಕ್ಷಿ ಕಂಡದ್ದನ್ನು ಮನಸ್ಸು ಇಟ್ಕೊಳ್ಳದಿದ್ರೆ ಸಾಕ್ಷಿ ಕಂಡ ಹಾಗೆ ಆಯ್ತಾ, ಇಲ್ವಾ. ಅವ್ರು ಹೇಳಿದ್ದನ್ನು ವಾಯ್ಸ್ ಮೆಸೇಜ್ ಮಾಡಿ ಕಳ್ಸಿ, ನಡುವೆ ಅಮ್ಮನ ಮಿಕ್ಸಿ ಶಬ್ದ ಬಾರದ ಹೊತ್ತು ನೋಡ್ಕೊಂಡು.

ಇಂತಿ ನಿಮ್ಮ ಮಗಳು