ಪಿಸ್ತೂಲಿನ ಮ್ಯಾಗಜೀನ್ ಬಳಕೆಯನ್ನು ಪರವಾನಗಿದಾರರಿಗೆ ಕಲಿಸಿ

ಮಾನ್ಯ ಸಂಪಾದಕರೇ,

ಸಕಲೇಶಪುರ, ಆಲೂರು, ಬೇಲೂರು ತಾಲ್ಲೂಕುಗಳ ಕಾಫಿ ಬೆಳೆಗಾರರ ಮನೆಗಳಲ್ಲಿ ಕೋವಿ ಇರುವುದು ಹೊಸದೇನಲ್ಲ. ಬೆಳೆ ರಕ್ಷಣೆಗೆಂದು ಪರವಾನಗಿ ಪಡೆದ ಒಂಟಿ ನಳಿಗೆ, ಜೋಡಿ ನಳಿಗೆಯ ಕೋವಿಗಳನ್ನು ಹಿರಿಯರ ಕಾಲದಿಂದ ಇಟ್ಟುಕೊಂಡು ಬಂದವರಿಗೆ ಅವುಗಳ ಸ್ವಭಾವ ಗೊತ್ತಿದೆ. ನಳಿಗೆಯನ್ನು ಮಡಚಿ ನೋಡಿದರೆ ಕಾಡತೂಸು ಇದೆಯೋ ಇಲ್ಲವೋ ಕಣ್ಣಿಗೇ ಕಾಣುತ್ತದೆ. ಈಗ ಆತ್ಮರಕ್ಷಣೆಗೆಂದು .32 ಬೋರಿನ ಪಿಸ್ತೂಲು ಇಟ್ಟುಕೊಂಡವರೂ ನಮ್ಮ ನಡುವೆ ಇದ್ದಾರೆ. ಪಿಸ್ತೂಲು ತನ್ನ ಹೊಟ್ಟೆಯಲ್ಲಿ ಏನಿದೆ ಎಂಬುದನ್ನು ಅಷ್ಟು ಸುಲಭವಾಗಿ ತೋರಿಸುವುದಿಲ್ಲ. ಸೇನೆಯಲ್ಲಿ ಆಯುಧಗಳ ದುರಸ್ತಿ, ನಿರ್ವಹಣೆ ನೋಡಿಕೊಳ್ಳುವ ಆರ್ಮರರ್ ಆಗಿ ದುಡಿದು, ನಿವೃತ್ತಿಯ ನಂತರ ಊರಿಗೆ ಮರಳಿ ತೋಟ ನೋಡಿಕೊಳ್ಳುತ್ತಿರುವ ನನ್ನ ಬಳಿಗೆ ಅಕ್ಕಪಕ್ಕದ ಬೆಳೆಗಾರರು ತಮ್ಮ ಪಿಸ್ತೂಲಿನ ದೂರುಗಳನ್ನು ಹೇಳಿಕೊಂಡು ಬರುತ್ತಾರೆ. ಆ ದೂರುಗಳಲ್ಲಿ ಹೆಚ್ಚಿನವು ಪಿಸ್ತೂಲಿನವಲ್ಲ, ಅದರ ಮ್ಯಾಗಜೀನಿನವು, ಅಂದರೆ ಕಾಡತೂಸು ತುಂಬಿ ಹಿಡಿಯೊಳಗೆ ಸೇರಿಸುವ ಸ್ಪ್ರಿಂಗಿನ ಡಬ್ಬಿಯವು. ಅದನ್ನು ತುಂಬುವ, ತೆಗೆಯುವ, ಇಡುವ ರೀತಿಯಿಂದ ಹುಟ್ಟಿದವು. ಈ ವಿಷಯವನ್ನು ಕಲಿಸುವ ಹೊಣೆಯನ್ನು ಜಿಲ್ಲಾ ಪೊಲೀಸ್ ಇಲಾಖೆ ವಹಿಸಿಕೊಳ್ಳಬೇಕೆಂದು ಕೋರಿ ಈ ಪತ್ರ ಬರೆಯುತ್ತಿದ್ದೇನೆ.

ಮೊದಲು ಪ್ರಾಣಕ್ಕೆ ಸಂಬಂಧಿಸಿದ ಮಾತು. ಮ್ಯಾಗಜೀನ್ ಹೊರತೆಗೆದರೆ ಪಿಸ್ತೂಲು ಖಾಲಿಯಾಯಿತು ಎಂಬ ನಂಬಿಕೆ ಬಹಳ ಜನರಲ್ಲಿದೆ, ಮತ್ತು ಅದು ಪೂರ್ತಿ ತಪ್ಪು. ಸ್ಲೈಡ್, ಅಂದರೆ ಪಿಸ್ತೂಲಿನ ಮೇಲಿನ ಜಾರುವ ಭಾಗ, ಒಮ್ಮೆ ಹಿಂದಕ್ಕೆ ಹೋಗಿ ಮುಂದೆ ಬಂದಿದ್ದರೆ ಮ್ಯಾಗಜೀನಿನ ಮೇಲ್ತುದಿಯ ಕಾಡತೂಸು ಆಗಲೇ ಚೇಂಬರಿಗೆ (ನಳಿಗೆಯ ಹಿಂತುದಿಯಲ್ಲಿ ಕಾಡತೂಸು ಕೂರುವ ಜಾಗಕ್ಕೆ) ಸೇರಿರುತ್ತದೆ; ಆಮೇಲೆ ಮ್ಯಾಗಜೀನ್ ತೆಗೆದು ಮೇಜಿನ ಮೇಲಿಟ್ಟರೂ ಆ ಒಂದು ಕಾಡತೂಸು ಅಲ್ಲಿಯೇ ಉಳಿಯುತ್ತದೆ, ಟ್ರಿಗರ್ ಎಳೆದರೆ ಹಾರುತ್ತದೆ. ಮ್ಯಾಗಜೀನ್ ಇಲ್ಲದಿದ್ದಾಗ ಟ್ರಿಗರ್ ಕೆಲಸ ಮಾಡದಂತೆ ತಡೆಯುವ ವ್ಯವಸ್ಥೆ ಕೆಲವು ಪಿಸ್ತೂಲುಗಳಲ್ಲಿ ಇರುವುದು ನಿಜ, ಆದರೆ ಅನೇಕ ಪಿಸ್ತೂಲುಗಳಲ್ಲಿ ಅದಿಲ್ಲ, ಇದ್ದರೂ ಸವೆದಿರಬಹುದು; ಅದನ್ನು ನಂಬಿ ಯಾರೂ ನಡೆಯಬಾರದು. ಖಾಲಿ ಮಾಡುವ ಕ್ರಮವೇ ಇಲ್ಲಿ ಮುಖ್ಯ. ಬೆರಳು ಟ್ರಿಗರಿನಿಂದ ಹೊರಗಿರಬೇಕು, ನಳಿಗೆಯ ಬಾಯಿ ಮನುಷ್ಯರಿಲ್ಲದ, ಗುಂಡು ತಗುಲಿದರೂ ತಡೆದುಕೊಳ್ಳುವ ಕಡೆಗೆ ಇರಬೇಕು. ಮೊದಲು ಮ್ಯಾಗಜೀನ್ ಹೊರಗೆ ಬರಬೇಕು, ನಂತರ ಸ್ಲೈಡನ್ನು ಪೂರ್ತಿ ಹಿಂದಕ್ಕೆಳೆದು ಚೇಂಬರಿನಲ್ಲಿದ್ದ ಕಾಡತೂಸನ್ನು ಹೊರಹಾಕಿ, ಸ್ಲೈಡ್ ಹಿಡಿದಿಟ್ಟುಕೊಂಡೇ ಚೇಂಬರನ್ನು ಕಣ್ಣಿನಿಂದ ನೋಡಿ, ಕತ್ತಲಿದ್ದರೆ ಕಿರುಬೆರಳಿನಿಂದ ಮುಟ್ಟಿ ಖಚಿತಪಡಿಸಿಕೊಳ್ಳಬೇಕು. ಈ ಕ್ರಮ ಹಿಂದುಮುಂದಾದರೆ, ಅಂದರೆ ಮ್ಯಾಗಜೀನ್ ಒಳಗಿರುವಾಗಲೇ ಸ್ಲೈಡ್ ಎಳೆದು ಆಮೇಲೆ ಮ್ಯಾಗಜೀನ್ ತೆಗೆದರೆ, ಒಂದು ಕಾಡತೂಸು ಹೊರಬಿದ್ದದ್ದನ್ನು ಕಣ್ಣಾರೆ ಕಂಡ ಧೈರ್ಯ ಮನಸ್ಸಿನಲ್ಲಿರುತ್ತದೆ, ಇನ್ನೊಂದು ಕಾಡತೂಸು ಚೇಂಬರಿನಲ್ಲಿರುತ್ತದೆ. ಪಿಸ್ತೂಲು ಒರೆಸಲು ಕುಳಿತವರ ಕೈಯಲ್ಲಿ ಗುಂಡು ಹಾರುವುದಕ್ಕೆ ಇದಕ್ಕಿಂತ ಹತ್ತಿರದ ದಾರಿ ಇನ್ನೊಂದಿಲ್ಲ.

ಇನ್ನು ತುಂಬುವ ವಿಚಾರ. 9 ಎಂಎಂ ಪಿಸ್ತೂಲು ಸೇನೆ ಮತ್ತು ಪೊಲೀಸರ ಕೈಯಲ್ಲಿರುವುದು. ನಮ್ಮಂತಹ ಪರವಾನಗಿದಾರರಲ್ಲಿ ಕಾಣುವುದು ಸಾಮಾನ್ಯವಾಗಿ .32 ಬೋರಿನದು, ಅಂದರೆ 7.65 ಎಂಎಂ. ಜಾನ್ ಬ್ರೌನಿಂಗ್ 1899ರ ಸುಮಾರಿಗೆ ರೂಪಿಸಿದ ಈ ಕಾಡತೂಸಿನ ಬುಡದ ಅಂಚು ಅದರ ಮೈಗಿಂತ ಸುಮಾರು ಅರ್ಧ ಮಿಲಿಮೀಟರ್ ಅಗಲವಾಗಿದೆ. 9 ಎಂಎಂ ಕಾಡತೂಸಿನ ಅಂಚು ಹೀಗೆ ಹೊರಚಾಚುವುದಿಲ್ಲ. ಇಷ್ಟು ಸಣ್ಣ ವ್ಯತ್ಯಾಸದಿಂದ ಆಗುವ ತೊಂದರೆ ದೊಡ್ಡದು: ಮ್ಯಾಗಜೀನಿನೊಳಗೆ ಮೇಲಿನ ಕಾಡತೂಸಿನ ಅಂಚು ಕೆಳಗಿನದರ ಅಂಚಿಗಿಂತ ಮುಂದೆ ಕೂರಬೇಕು, ಅದು ಹಿಂದೆ ಸರಿದು ಕೂತರೆ ಎರಡೂ ಅಂಚುಗಳು ಒಂದಕ್ಕೊಂದು ಕೊಕ್ಕೆ ಹಾಕಿಕೊಳ್ಳುತ್ತವೆ, ಸ್ಲೈಡ್ ಮೇಲಿನದನ್ನು ಮುಂದಕ್ಕೆ ತಳ್ಳಲು ಹೋಗಿ ಅಲ್ಲಿಯೇ ನಿಲ್ಲುತ್ತದೆ. ಈ ತೊಡಕು ಸ್ಲೈಡನ್ನು ಮತ್ತೆ ಮತ್ತೆ ಎಳೆದರೆ ಬಿಡಿಸಿಕೊಳ್ಳುವಂಥದ್ದಲ್ಲ. ಸಾಮಾನ್ಯವಾಗಿ ಮ್ಯಾಗಜೀನ್ ತೆಗೆದು ಕಾಡತೂಸುಗಳನ್ನು ಬಿಡಿಸಿ ಮೊದಲಿನಿಂದ ತುಂಬಬೇಕಾಗುತ್ತದೆ. "ನನ್ನ ಪಿಸ್ತೂಲು ಸರಿಯಿಲ್ಲ" ಎಂದು ಬೇಸರಪಟ್ಟುಕೊಳ್ಳುವ ಮುನ್ನ ಇದನ್ನು ನೋಡಿಕೊಳ್ಳುವುದು ಒಳ್ಳೆಯದು.

ಇದನ್ನು ತಪ್ಪಿಸುವುದು ಕಷ್ಟವಲ್ಲ, ಆತುರ ಬಿಟ್ಟರೆ ಸಾಕು. ಮ್ಯಾಗಜೀನನ್ನು ಎಡಗೈಯಲ್ಲಿ ನೆಟ್ಟಗೆ ಹಿಡಿದು, ಹೆಬ್ಬೆರಳಿನಿಂದ ಕೆಳಗಿನ ಕಾಡತೂಸನ್ನು ತಗ್ಗಿಸಿ, ಹೊಸದನ್ನು ಬುಡ ಮುಂದಾಗಿ ಮ್ಯಾಗಜೀನಿನ ಬಾಯಿಯ ಬಾಗಿದ ಅಂಚುಗಳಾದ ತುಟಿಗಳ ಅಡಿಗೆ ಜಾರಿಸಿ, ಅದು ಮ್ಯಾಗಜೀನಿನ ಹಿಂಗೋಡೆಗೆ ತಾಗುವವರೆಗೆ ಒತ್ತಬೇಕು. ಕೆಳಗಿನದು ಮುಂದಕ್ಕೆ ಸರಿದಿದ್ದರೆ ಹೊಸದರ ಅಂಚು ಅದರ ಹಿಂದೆ ಬೀಳುತ್ತದೆ, ಆದ್ದರಿಂದ ಪ್ರತಿ ಸಲವೂ ಕೆಳಗಿನದು ಹಿಂಗೋಡೆಗೆ ಅಂಟಿಕೊಂಡಿದೆಯೇ ಎಂದು ನೋಡಬೇಕು. ಎಲ್ಲವೂ ತುಂಬಿದ ಮೇಲೆ ಮ್ಯಾಗಜೀನಿನ ಬೆನ್ನನ್ನು ಅಂಗೈಗೆ ಮೆಲ್ಲಗೆ ತಟ್ಟಿದರೆ ಸಾಲು ಸರಿಯಾಗುತ್ತದೆ. ಮೇಜಿಗೆ, ಕಲ್ಲಿಗೆ ಕುಟ್ಟಬಾರದು. ಪೂರ್ತಿ ತುಂಬಿದ ಮ್ಯಾಗಜೀನ್ ಪಿಸ್ತೂಲಿನೊಳಗೆ ಕೂರಲು ಹಟಮಾಡಿದರೆ ಒಂದು ಕಾಡತೂಸು ಕಡಿಮೆ ಹಾಕುವುದು ಮೇಲು. ಹಿಡಿಯೊಳಗೆ ಸೇರಿಸಿದ ನಂತರ ಬೀಗದ ಶಬ್ದ ಕೇಳಿಸಬೇಕು, ಕೆಳಗಿನಿಂದ ಸ್ವಲ್ಪ ಎಳೆದು ನೋಡಿದರೂ ಅದು ಜಾರಬಾರದು. ಚೇಂಬರಿನೊಳಗೆ ಕೈಯಿಂದಲೇ ಒಂದು ಕಾಡತೂಸು ಇಟ್ಟು ಸ್ಲೈಡನ್ನು ಅದರ ಮೇಲೆ ಬಿಡುವ ಅಭ್ಯಾಸವೂ ಕೆಲವರಲ್ಲಿದೆ. ಕಾಡತೂಸನ್ನು ಹಿಡಿದೆಳೆಯುವ ಕೊಕ್ಕೆ ಮ್ಯಾಗಜೀನಿನಿಂದ ಮೇಲೇರಿ ಬರುವ ಅಂಚನ್ನು ಹಿಡಿಯಲು ರೂಪಿಸಿದ್ದು, ಎದುರಿನಿಂದ ಹಾರಿ ಹಿಡಿಯಲು ಅಲ್ಲ. ಹಾಗೆ ಮಾಡುತ್ತಾ ಹೋದರೆ ಅನೇಕ ಪಿಸ್ತೂಲುಗಳಲ್ಲಿ ಅದು ಮುರಿಯುತ್ತದೆ.

ರಾತ್ರಿ ತುಂಬಿ ಬೆಳಿಗ್ಗೆ ಖಾಲಿ ಮಾಡುವವರು ಇನ್ನೊಂದು ವಿಷಯ ಗಮನಿಸಬೇಕು. ಪ್ರತಿದಿನವೂ ಅದೇ ಮೊದಲ ಕಾಡತೂಸು ಚೇಂಬರಿಗೆ ಹೋಗಿ ಬರುತ್ತಿದ್ದರೆ, ಒಳಗೇರುವ ಇಳಿಜಾರಿಗೆ ಅದರ ಗುಂಡು ಮತ್ತೆ ಮತ್ತೆ ಬಡಿದು ಹಿತ್ತಾಳೆಯ ಕೋಶದೊಳಕ್ಕೆ ಕುಸಿಯುತ್ತದೆ. ಒಳಗಿನ ಜಾಗ ಕಿರಿದಾದಂತೆ ಹಾರುವಾಗಿನ ಒತ್ತಡ ಏರುತ್ತದೆ. ಹೊಸ ಕಾಡತೂಸಿನ ಪಕ್ಕದಲ್ಲಿ ನಿಲ್ಲಿಸಿ ನೋಡಿದಾಗ ಗಿಡ್ಡವಾಗಿ ಕಂಡರೆ ಅದನ್ನು ಬಳಸಬಾರದು.

ಸ್ಪ್ರಿಂಗ್ ಬಗ್ಗೆ ಪ್ರತಿಯೊಬ್ಬರೂ ಕೇಳುವ ಪ್ರಶ್ನೆ ಒಂದಿದೆ: ತುಂಬಿದ ಮ್ಯಾಗಜೀನನ್ನು ತಿಂಗಳುಗಟ್ಟಲೆ ಇಟ್ಟರೆ ಸ್ಪ್ರಿಂಗ್ ಸತ್ತುಹೋಗುವುದಿಲ್ಲವೇ? ಒಳ್ಳೆಯ ಉಕ್ಕಿನ ಸ್ಪ್ರಿಂಗ್ ತನ್ನ ಮಿತಿಯೊಳಗೆ ಒತ್ತಿಕೊಂಡಿದ್ದರೆ ಸುಮ್ಮನೆ ಕೂತಿದ್ದಕ್ಕೆ ಅಷ್ಟಾಗಿ ಸೋಲುವುದಿಲ್ಲ. ಅದನ್ನು ಸವೆಸುವುದು ಪದೇ ಪದೇ ಒತ್ತಿ ಬಿಡುವುದು, ಮಿತಿ ಮೀರಿ ತುರುಕುವುದು ಮತ್ತು ತುಕ್ಕು. ಹಾಗೆಂದು ತುಂಬಿಯೇ ಇಡಿ ಎಂದು ನಾನು ಹೇಳುತ್ತಿಲ್ಲ. ಮನೆಯಲ್ಲಿ ಮಕ್ಕಳಿದ್ದಾರೆ, ಕೆಲಸದವರು ಬಂದು ಹೋಗುತ್ತಾರೆ. ಪಿಸ್ತೂಲನ್ನು ಖಾಲಿ ಮಾಡಿ ಬೀಗದಲ್ಲಿಡುವುದಕ್ಕೆ, ಕಾಡತೂಸುಗಳನ್ನು ಬೇರೆ ಬೀಗದಲ್ಲಿಡುವುದಕ್ಕೆ ಅದೇ ಸಾಕಾದಷ್ಟು ಕಾರಣ.

ನಮ್ಮ ಮಲೆನಾಡಿನ ನಿಜವಾದ ಶತ್ರು ತೇವ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಬೀರುವಿನ ಬಟ್ಟೆಗೇ ಬೂಷ್ಟು ಹಿಡಿಯುವಾಗ ಉಕ್ಕಿನ ಡಬ್ಬಿಯೊಳಗಿನ ಸ್ಪ್ರಿಂಗ್ ಹಾಗೇ ಉಳಿಯುವುದಿಲ್ಲ. ಚರ್ಮದ ಹೋಲ್‌ಸ್ಟರ್‌ನಲ್ಲಿ ಪಿಸ್ತೂಲನ್ನು, ಚರ್ಮದ ಪಟ್ಟಿಯಲ್ಲಿ ಕಾಡತೂಸನ್ನು ಇಡುವುದು ನೋಡಲು ಚೆಂದ, ಆದರೆ ಚರ್ಮ ತೇವ ಹೀರಿಕೊಂಡು ಉಕ್ಕಿಗೆ ತುಕ್ಕನ್ನೂ ಹಿತ್ತಾಳೆಗೆ ಹಸಿರು ಕಿಲುಬನ್ನೂ ತರುತ್ತದೆ. ಒಣ ಹತ್ತಿಬಟ್ಟೆಯಲ್ಲಿ ಸುತ್ತಿ, ಸಿಲಿಕಾ ಜೆಲ್ ಪೊಟ್ಟಣಗಳ ಜೊತೆ ಗಾಳಿಯಾಡದ ಡಬ್ಬಿಯಲ್ಲಿಟ್ಟು, ಆ ಡಬ್ಬಿಯನ್ನು ಬೀಗದೊಳಗೆ ಇಡಬೇಕು. ಎಣ್ಣೆಯ ವಿಷಯದಲ್ಲಿ ನಮ್ಮವರು ಅತಿ ಉದಾರಿಗಳು. ಮ್ಯಾಗಜೀನಿನೊಳಗೆ ಎಣ್ಣೆ ನಿಂತರೆ ದೂಳು ಸೇರಿ ಕೆಸರಾಗುತ್ತದೆ, ಕಾಡತೂಸಿನ ಬುಡದಲ್ಲಿ ಮದ್ದನ್ನು ಹೊತ್ತಿಸುವ ಪ್ರೈಮರ್‌ಗೆ ಇಳಿದರೆ ಅದು ಹೊತ್ತಿಕೊಳ್ಳದೆ ಹೋಗಬಹುದು. ತುಕ್ಕು ಬಿಡಿಸುವ ತೆಳು ಸ್ಪ್ರೇಗಳು ಈ ವಿಷಯದಲ್ಲಿ ಎಲ್ಲಕ್ಕಿಂತ ಕೆಟ್ಟವು. ಕೊಬ್ಬರಿ ಎಣ್ಣೆ ಹಾಕಿದ ಮ್ಯಾಗಜೀನುಗಳನ್ನೂ ಕಂಡಿದ್ದೇನೆ. ಸುಮಾರು 24 ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗೆ ಗಟ್ಟಿಯಾಗುವ ಎಣ್ಣೆಯದು. ಡಿಸೆಂಬರ್‌ನ ಬೆಳಿಗ್ಗೆ ಸಕಲೇಶಪುರದಲ್ಲಿ ಸ್ಪ್ರಿಂಗ್ ಮೇಲೆ ಅದು ಮೇಣದಂತೆ ಕೂತು ಕಾಡತೂಸು ಮೇಲೇರುವುದನ್ನೇ ನಿಧಾನಗೊಳಿಸುತ್ತದೆ.

ಸ್ವಚ್ಛಗೊಳಿಸುವಾಗ ಕಾಡತೂಸುಗಳು ಆ ಕೋಣೆಯಲ್ಲೇ ಇರಬಾರದು. ಅನೇಕ ಮ್ಯಾಗಜೀನುಗಳಲ್ಲಿ ತಳದ ತಗಡಿನ ನಡುವಿನ ಗುಬುಟನ್ನು ಒತ್ತಿ ಅದನ್ನು ಜಾರಿಸಬಹುದು; ಜಾರಿಸುವಾಗ ಹೆಬ್ಬೆರಳು ಅಡ್ಡವಿರಬೇಕು, ಇಲ್ಲದಿದ್ದರೆ ಸ್ಪ್ರಿಂಗ್ ಮುಖಕ್ಕೆ ಹಾರುತ್ತದೆ. ಸ್ಪ್ರಿಂಗಿನ ಯಾವ ತುದಿ ಮೇಲಿತ್ತು, ಯಾವ ಕಡೆಗೆ ಮುಖ ಮಾಡಿತ್ತು ಎಂಬುದನ್ನು ಮೊಬೈಲಿನಲ್ಲಿ ಚಿತ್ರ ತೆಗೆದಿಟ್ಟುಕೊಂಡರೆ ಮರಳಿ ಜೋಡಿಸುವಾಗ ಗೊಂದಲವಿಲ್ಲ. ಒಳಗೋಡೆಯನ್ನು ಒಣಬಟ್ಟೆಯಿಂದ ಒರೆಸಿ, ಸ್ಪ್ರಿಂಗಿಗೆ ಎಣ್ಣೆ ತಾಗಿಸಿದ ಬಟ್ಟೆಯನ್ನು ಒಮ್ಮೆ ಎಳೆದು ಮತ್ತೆ ಒರೆಸಿಬಿಟ್ಟರೆ ಸಾಕು. ಮೇಲಿನ ಎರಡು ತುಟಿಗಳನ್ನು ಬೆಳಕಿಗೆ ಹಿಡಿದು ನೋಡಬೇಕು. ಕಾಡತೂಸು ಯಾವ ಕೋನದಲ್ಲಿ, ಯಾವ ಕ್ಷಣದಲ್ಲಿ ಬಿಡುಗಡೆಯಾಗಬೇಕು ಎಂಬುದನ್ನು ನಿರ್ಧರಿಸುವುದು ಅವೇ. ಮ್ಯಾಗಜೀನ್ ಒಮ್ಮೆ ನೆಲಕ್ಕೆ ಬಿದ್ದರೂ ಅವು ಬಾಗಬಹುದು. ಬಾಗಿದ್ದನ್ನು ಇಕ್ಕಳದಿಂದ ನೆಟ್ಟಗೆ ಮಾಡಲು ಹೋಗದೆ ಮ್ಯಾಗಜೀನನ್ನೇ ಬದಲಿಸಬೇಕು. ಎರಡು ಮ್ಯಾಗಜೀನುಗಳಿದ್ದರೆ ತಳದಲ್ಲಿ ಬಣ್ಣದಿಂದ 1, 2 ಎಂದು ಬರೆದುಕೊಳ್ಳುವುದು ಒಳ್ಳೆಯದು, ಅಡಚಣೆ ಬಂದಾಗ ತಪ್ಪು ಯಾವುದರದ್ದೆಂದು ಆಗ ತಿಳಿಯುತ್ತದೆ.

ಆಯುಧ ಪೂಜೆಯ ದಿನದ ಬಗ್ಗೆಯೂ ಒಂದು ಮಾತು ಹೇಳಬೇಕು. ಪೂಜೆ ನಾನೂ ಮಾಡುತ್ತೇನೆ. ಆದರೆ ಅರಿಶಿನ, ಕುಂಕುಮ, ಗಂಧ ಮ್ಯಾಗಜೀನಿನ ಬಾಯಿಗೆ, ಸ್ಲೈಡಿನ ಸಂದಿಗೆ ಬೀಳದಂತೆ ಹಿಡಿಯ ಮೇಲೆ ಒಂದು ಬೊಟ್ಟು ಇಟ್ಟರೆ ಸಾಲದೇ? ಪೂಜೆಗೆ ಇಡುವ ಪಿಸ್ತೂಲು ಖಾಲಿಯಿರಲೇಬೇಕು, ಏಕೆಂದರೆ ಅಂದು ಅದನ್ನು ಮುಟ್ಟುವ ಕೈಗಳು ಹಲವು. ಮಳೆಗಾಲ ಮುಗಿಯುತ್ತಿರುವ ಆ ಹೊತ್ತು ಪೂರ್ತಿ ಸ್ವಚ್ಛತೆಗೂ ತಕ್ಕ ಸಮಯ.

ಇಷ್ಟನ್ನು ಪರವಾನಗಿದಾರರು ಎಲ್ಲಿ ಕಲಿಯಬೇಕು? 2016ರ ಶಸ್ತ್ರಾಸ್ತ್ರ ನಿಯಮಗಳು ಪರವಾನಗಿ ಬಯಸುವವರಿಗೆ ಸುರಕ್ಷತಾ ತರಬೇತಿಯನ್ನು ವಿಧಿಸಿವೆ. ಆದರೆ ಅದಕ್ಕಿಂತ ಮೊದಲು ಪರವಾನಗಿ ಪಡೆದವರು ಬಹಳ ಮಂದಿ ಇದ್ದಾರೆ, ಮತ್ತು ಶಸ್ತ್ರಾಸ್ತ್ರ ಕಾಯ್ದೆಯ 2019ರ ತಿದ್ದುಪಡಿಯ ನಂತರ ಪರವಾನಗಿಯ ಅವಧಿ ಮೂರು ವರ್ಷದಿಂದ ಐದು ವರ್ಷಕ್ಕೆ ಏರಿದೆ. ನವೀಕರಣದ ಹೊತ್ತಿಗೆ ಕಾಗದ ಪತ್ರ ನೋಡಿದಷ್ಟೇ ಶ್ರದ್ಧೆಯಿಂದ, ಈ ವ್ಯಕ್ತಿ ಪಿಸ್ತೂಲನ್ನು ಸರಿಯಾಗಿ ಖಾಲಿ ಮಾಡಬಲ್ಲನೇ ಎಂಬುದನ್ನೂ ನೋಡಬೇಕು.

ಚುನಾವಣೆ ಬಂದಾಗ ಆಯುಧಗಳನ್ನು ಠಾಣೆಗೆ ಒಪ್ಪಿಸುವ ಪದ್ಧತಿಯನ್ನು ಇದಕ್ಕೆ ಬಳಸಿಕೊಳ್ಳಬಹುದು. 2024ರ ಲೋಕಸಭಾ ಚುನಾವಣೆ ಮಾರ್ಚ್ 16ರಂದು ಘೋಷಣೆಯಾಗಿ, ಹಾಸನದಲ್ಲಿ ಏಪ್ರಿಲ್ 26ರಂದು ಮತದಾನ ನಡೆದು, ಜೂನ್ 4ರಂದು ಎಣಿಕೆ ಮುಗಿಯಿತು. ಇಂತಹ ವೇಳಾಪಟ್ಟಿಯಲ್ಲಿ ಆಯುಧಗಳು ಬೇಸಿಗೆಯಲ್ಲಿ ಒಳಹೋಗಿ ಮುಂಗಾರಿನ ಬಾಗಿಲಲ್ಲಿ ಹೊರಬರುತ್ತವೆ, ಮತ್ತು ಅಷ್ಟು ದಿನ ಅವುಗಳನ್ನು ಯಾರೂ ತೆರೆದು ನೋಡಿರುವುದಿಲ್ಲ. ಒಪ್ಪಿಸುವ ದಿನ ಪ್ರತಿ ಠಾಣೆಯಲ್ಲೂ ಮರಳು ತುಂಬಿದ ಒಂದು ಡ್ರಮ್ ಇಟ್ಟು, ನಳಿಗೆಯನ್ನು ಅದರತ್ತ ಹಿಡಿದೇ ಖಾಲಿ ಮಾಡಿಸುವುದು ದೊಡ್ಡ ಖರ್ಚಿನ ಕೆಲಸವಲ್ಲ. ಹಿಂದಿರುಗಿಸುವ ದಿನ ಜಿಲ್ಲಾ ಸಶಸ್ತ್ರ ಮೀಸಲು ಪಡೆಯ ಆರ್ಮರರ್ ಒಬ್ಬರು ತಾಲ್ಲೂಕು ಕೇಂದ್ರಕ್ಕೆ ಬಂದು ಅರ್ಧ ದಿನ ಮ್ಯಾಗಜೀನ್ ತುಂಬುವುದನ್ನು, ಬಿಚ್ಚುವುದನ್ನು ಕನ್ನಡದಲ್ಲಿ ತೋರಿಸಿದರೆ, ನಾನು ಈ ಪತ್ರದಲ್ಲಿ ಬರೆದದ್ದಕ್ಕಿಂತ ಹೆಚ್ಚನ್ನು ಜನ ಕೈಯಿಂದಲೇ ಕಲಿಯುತ್ತಾರೆ. ಇಲಾಖೆ ಕರೆದರೆ ಸಂಭಾವನೆಯಿಲ್ಲದೆ ಬಂದು ನೆರವಾಗಲು ನಾನು ಸಿದ್ಧನಿದ್ದೇನೆ.

ಜೊತೆಗೆ, ಆಯುಧ ರಿಪೇರಿ ಮಾಡಲು ಪರವಾನಗಿ ಇರುವವರ ಪಟ್ಟಿಯನ್ನು ಜಿಲ್ಲಾಧಿಕಾರಿ ಕಚೇರಿಯ ಮತ್ತು ಠಾಣೆಗಳ ಫಲಕಗಳಲ್ಲಿ ಹಾಕಬೇಕೆಂದು ವಿನಂತಿಸುತ್ತೇನೆ. ಅದು ತಿಳಿಯದೆ ಜನ ಬಾಗಿದ ಮ್ಯಾಗಜೀನನ್ನು ವೆಲ್ಡಿಂಗ್ ಅಂಗಡಿಗೆ ಕೊಂಡೊಯ್ಯುತ್ತಿದ್ದಾರೆ.

ಇತಿ,
ನಿವೃತ್ತ ಸೇನಾ ಆರ್ಮರರ್ ಹಾಗೂ ಕಾಫಿ ಬೆಳೆಗಾರ
ಸಕಲೇಶಪುರ ತಾಲ್ಲೂಕು, ಹಾಸನ ಜಿಲ್ಲೆ