ಪಹಣಿಯ ಹನ್ನೆರಡನೇ ಕಾಲಂ ಯಾರು ನೋಡುತ್ತಾರೆ?

ಮಾನ್ಯ ಸಂಪಾದಕರೇ,

ಸತ್ತವರ ಹೆಸರಿನಲ್ಲೇ ಉಳಿದಿರುವ ಪಹಣಿಗಳನ್ನು, ಅಂದರೆ ಜಮೀನಿನ ಕಂದಾಯ ದಾಖಲೆಗಳನ್ನು, ವಾರಸುದಾರರ ಹೆಸರಿಗೆ ಮಾಡಿಕೊಡುವ ಪೌತಿ ಖಾತೆ ಕೆಲಸ ಒಳ್ಳೆಯದೇ. ಆದರೆ ಖಾತೆಯಲ್ಲಿ ಹೆಸರು ಬಂತು, ಇನ್ನೇನು ಚಿಂತೆ ಅಂದುಕೊಳ್ಳುವವರೇ ಜಾಸ್ತಿ. ಸಿವಿಲ್ ಕೋರ್ಟಿನಲ್ಲಿ ಸಾಕ್ಷಿ ಹೇಳಿ ಬಂದವಳಾಗಿ ಈ ಪತ್ರ ಬರೆಯುತ್ತಿದ್ದೇನೆ.

ನಮ್ಮದು ತಿಪಟೂರು ತಾಲ್ಲೂಕು. ತಾತನ ಜಮೀನನ್ನು ಅಪ್ಪ, ದೊಡ್ಡಪ್ಪ ಬಾಯಿಮಾತಿನಲ್ಲೇ ಪಾಲು ಮಾಡಿಕೊಂಡಿದ್ದರು. ಮಧ್ಯೆ ಬದು ಹಾಕಿ ಕಲ್ಲು ನೆಟ್ಟರು, ಅಷ್ಟೇ. ಅಪ್ಪ ತಮ್ಮ ಭಾಗದಲ್ಲಿ ತೆಂಗು ಹಾಕಿದರು, ಬೋರ್ ಕೊರೆಸಿದರು. ಅವರು ತೀರಿಕೊಂಡ ಮೇಲೆ ನಾನೇ ನೋಡಿಕೊಳ್ಳುತ್ತಿದ್ದೇನೆ. ಖಾತೆ ಮಾತ್ರ ತಾತನ ಹೆಸರಲ್ಲೇ ಇತ್ತು. ಆಮೇಲೆ ನೋಡಿದರೆ ಇಡೀ ಸರ್ವೆ ನಂಬರು ದೊಡ್ಡಪ್ಪನ ಮಗ ಒಬ್ಬರ ಹೆಸರಿಗೇ ಹೋಗಿದೆ! ಅದಕ್ಕೆ ಕೊಟ್ಟಿದ್ದ ವಂಶವೃಕ್ಷದಲ್ಲಿ ನಮ್ಮ ಅಪ್ಪ ಹುಟ್ಟೇ ಇಲ್ಲ. ಆ ಅಣ್ಣನ ಸ್ವಂತ ತಂಗಿಯರೂ ಇಲ್ಲ. ಹೆಣ್ಣುಮಕ್ಕಳಿಗೆ ಸಮಪಾಲು ಅಂತ 2005ರಲ್ಲೇ ಕಾನೂನು ತಿದ್ದುಪಡಿಯಾಗಿದೆ, 2020ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಇನ್ನೂ ಸ್ಪಷ್ಟ ಮಾಡಿದೆ. ವಂಶವೃಕ್ಷ ಬರೆಸುವಾಗ ನಮ್ಮನ್ನು ಬಿಡುವ ಚಾಳಿ ಮಾತ್ರ ಹೋಗಿಲ್ಲ.

ಖಾತೆ ಬದಲಾದ ಮಾತ್ರಕ್ಕೆ ಮಾಲೀಕತ್ವ ಬರುವುದಿಲ್ಲ, ಅದು ಕಂದಾಯದ ಲೆಕ್ಕಕ್ಕೆ ಅಷ್ಟೇ ಎಂದು ಸುಪ್ರೀಂ ಕೋರ್ಟ್ ಹಲವು ಸಲ ಹೇಳಿದೆ. ಕೇಳೋಕೆ ಸಮಾಧಾನ. ಆದರೆ 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 133ನೇ ಕಲಂ ಪ್ರಕಾರ, ತಪ್ಪೆಂದು ಸಾಬೀತಾಗುವವರೆಗೆ ಪಹಣಿಯಲ್ಲಿ ಬರೆದದ್ದೇ ನಿಜ. ಸಾಬೀತು ಮಾಡುವ ಕೆಲಸ ನನ್ನ ತಲೆಗೆ ಬಂತು. ಹಕ್ಕಿಗೇ ತಕರಾರು ಇರುವಾಗ ಬರೀ ಇಂಜಂಕ್ಷನ್ (ತಡೆಯಾಜ್ಞೆ) ಕೇಳಿದರೆ ಸಾಲದು ಎಂದು ವಕೀಲರು ಹಕ್ಕು ಘೋಷಣೆಗೂ ಸೇರಿಸಿ ದಾವೆ ಹಾಕಿದರು.

ಪಾಟೀಸವಾಲಿನಲ್ಲಿ ಎದುರು ವಕೀಲರು ಮೊದಲು ಕೇಳಿದ್ದು ಚೆಕ್ಕುಬಂದಿ, ಅಂದರೆ ಜಮೀನಿನ ನಾಲ್ಕೂ ದಿಕ್ಕಿಗೆ ಯಾರ ಜಮೀನಿದೆ ಅನ್ನುವುದು. ನಾವು "ಹುಣಸೇಮರದೋರ ಹೊಲ" ಅನ್ನುತ್ತೇವೆ. ಕಾಗದದಲ್ಲಿ ಇರುವುದು ಎಂದೋ ತೀರಿಕೊಂಡವರ ಹೆಸರು. ಸ್ವಾಧೀನಕ್ಕೆ ಪಹಣಿ ತೋರಿಸಿ ಅಂದರು. ಎಲ್ಲಿಂದ ತರಲಿ? ಒಂಬತ್ತನೇ ಕಾಲಂ ಖಾತೆದಾರರದ್ದು, ಹನ್ನೆರಡನೆಯದು ಸಾಗುವಳಿ ಮಾಡುವವರದ್ದು. ನಮ್ಮ ಪಹಣಿಯಲ್ಲಿ ವರ್ಷವರ್ಷವೂ ಒಂಬತ್ತರಲ್ಲಿದ್ದ ಹೆಸರನ್ನೇ ಹನ್ನೆರಡಕ್ಕೂ ಇಳಿಸಿದ್ದಾರೆ. ಸರ್ಕಾರಿ ದಾಖಲೆ ಪ್ರಕಾರ ನಮ್ಮ ತಾತ ಸತ್ತ ಮೇಲೂ ಬಹಳ ಕಾಲ ತೋಟ ಮಾಡಿದ್ದಾರೆ!

ಅಪ್ಪ ಯಾವ ಚೀಟಿಯನ್ನೂ ಎಸೆದವರಲ್ಲ, ಅದರಿಂದ ಬಚಾವಾದೆ. ಪಂಪ್‌ಸೆಟ್‌ನ ಆರ್.ಆರ್. ನಂಬರು (ಕರೆಂಟ್ ಸಂಪರ್ಕದ ನಂಬರು) ಅವರ ಹೆಸರಲ್ಲಿತ್ತು. ಬೋರ್ ಕೊರೆಸಿದ ಬಿಲ್ಲು, ಕಂದಾಯ ಕಟ್ಟಿದ ಕೈಬರಹದ ರಸೀದಿಗಳು, ತಿಪಟೂರು ಮಾರುಕಟ್ಟೆಯಲ್ಲಿ ಕೊಬ್ಬರಿ ಮಾರಿದ ಚೀಟಿಗಳು ಎಲ್ಲ ಸಿಕ್ಕವು. ಕೊಬ್ಬರಿ ಚೀಟಿಯಲ್ಲಿ ಸರ್ವೆ ನಂಬರು ಇಲ್ಲವಲ್ಲ ಅಂತ ಎದುರು ವಕೀಲರು ಆಕ್ಷೇಪಿಸಿದರು. ನಿಜ, ಒಂದೊಂದೇ ಹಿಡಿದು ನೋಡಿದರೆ ಏನೂ ಅಲ್ಲ. ಬದುವಿನ ಆಚೆಯ ಜಮೀನಿನವರು ಬಂದು ಸಾಕ್ಷಿ ಹೇಳಿದ ಮೇಲೆ ಅದೇ ಚೀಟಿಗಳಿಗೆ ತೂಕ ಬಂತು. ಬಾಯಿಮಾತಿನ ಪಾಲನ್ನು ಕೋರ್ಟ್ ಒಪ್ಪಬೇಕಾದರೆ, ಆಮೇಲೆ ಎಲ್ಲರೂ ಅದರಂತೆಯೇ ನಡೆದುಕೊಂಡರು ಅನ್ನುವುದಕ್ಕೆ ಇಂಥವೇ ಬೇಕು. ಕೇಸು ಇನ್ನೂ ವಾದದ ಹಂತದಲ್ಲಿದೆ, ಹಾಗಾಗಿ ಅದರ ಬಗ್ಗೆ ಹೆಚ್ಚು ಬರೆಯುವುದಿಲ್ಲ.

ಪೌತಿ ಖಾತೆ ಮಾಡುವಾಗಲೇ ಇಂಥ ಎಷ್ಟೋ ಕೇಸುಗಳನ್ನು ತಪ್ಪಿಸಬಹುದು. ಗ್ರಾಮ ಆಡಳಿತ ಅಧಿಕಾರಿಗಳು ಮಹಜರನ್ನು ಟೀ ಅಂಗಡಿಯಲ್ಲಿ ಕೂತು ಬರೆಯದೆ ಹೊಲದಲ್ಲಿ ನಿಂತು, ಅಕ್ಕಪಕ್ಕದವರನ್ನು ಕರೆಸಿ ಬರೆಯಲಿ. ಮದುವೆಯಾಗಿ ಹೋದ ಹೆಣ್ಣುಮಕ್ಕಳಿಗೆ ಒಂದು ಫೋನ್ ಮಾಡಲಿ. ಎಲ್ಲರ ಹೆಸರಿಗೆ ಜಂಟಿ ಖಾತೆ ಮಾಡಿ ಬಿಟ್ಟರೂ ತಕರಾರು ಮುಂದಕ್ಕೆ ಹೋಗುತ್ತದೆ ಅಷ್ಟೇ, ಯಾಕಂದ್ರೆ ಜಂಟಿ ಆಸ್ತಿಯಲ್ಲಿ ಒಬ್ಬರ ಸ್ವಾಧೀನವನ್ನು ಎಲ್ಲರ ಸ್ವಾಧೀನ ಅಂತಲೇ ಕಾನೂನು ಸಾಮಾನ್ಯವಾಗಿ ನೋಡುತ್ತದೆ. ಪಾಲುಪಾರೀಕತ್ತು ಆಗಿ ಪೋಡಿ (ಅಳತೆ ಮಾಡಿ ತುಂಡುಗಳನ್ನು ಬೇರೆ ಮಾಡುವುದು) ಮುಗಿಯುವವರೆಗಾದರೂ, ಯಾವ ತುಂಡನ್ನು ಯಾರು ಉಳುತ್ತಿದ್ದಾರೋ ಅವರ ಹೆಸರು ಹನ್ನೆರಡನೇ ಕಾಲಂನಲ್ಲಿ ಬರಲಿ.

ಇದಕ್ಕೆ ಹೊಸ ಇಲಾಖೆಯೇನೂ ಬೇಡ. ಬೆಳೆ ಸಮೀಕ್ಷೆಗೆ ಮೊಬೈಲ್ ಹಿಡಿದು ಹುಡುಗರು ಹೇಗೂ ಹೊಲಕ್ಕೆ ಬರುತ್ತಾರೆ. ನಮ್ಮ ತೋಟಕ್ಕೆ ಬಂದ ಹುಡುಗ ತೆಂಗಿನಮರದ ಫೋಟೊ ತೆಗೆದ, ಸಾಗುವಳಿ ಯಾರದ್ದು ಅಂತ ಕೇಳಲೇ ಇಲ್ಲ. ಅದನ್ನೂ ಕೇಳಿ ದಾಖಲಿಸಿ, ಕೋರ್ಟಿಗೆ ಕೊಡಬಹುದಾದ ದೃಢೀಕೃತ ನಕಲು ನಾಡಕಚೇರಿಯಲ್ಲೇ ಸಿಗುವಂತೆ ಕಂದಾಯ ಇಲಾಖೆ ಮಾಡಲಿ.

- ಒಬ್ಬ ರೈತ ಮಹಿಳೆ, ತಿಪಟೂರು ತಾಲ್ಲೂಕು