ಗೆಳೆಯನಿಗೊಂದು ಪತ್ರ: ನಿನ್ ಮಗಳ ಕಂಡಿಷನ್‌ಗಳ ಬಗ್ಗೆ

ಲೋ ಡಿಕ್ಷನರಿ,

ಮಗಳ ಎಸ್ಸೆಸ್ಸೆಲ್ಸಿ ರಿಸಲ್ಟ್ ನೋಡಿ ಅವತ್ತೇ ಫೋನ್ ಮಾಡ್ಬೇಕಿತ್ತು, ನಮ್ ಕಾಲೇಜಿನ ಅಡ್ಮಿಷನ್ ಗಲಾಟೇಲಿ ಆಗ್ಲೇ ಇಲ್ಲ. ಕನ್ನಡದಲ್ಲಿ 125ಕ್ಕೆ 125 ಅಂತೆ! ತುಂಬಾ ಖುಷಿ ಆಯ್ತು ಕಣೋ. ನಮ್ ಕನ್ನಡ ಮೇಷ್ಟ್ರು ಇದ್ದಿದ್ರೆ ನಿನ್ ಮಗಳು ಅಂದ್ರೆ ನಂಬ್ತಾನೇ ಇರ್ಲಿಲ್ಲ. ಷಟ್ಪದಿ ವಿಷಯ ಇಲ್ಲಿ ಎತ್ತಲ್ಲ ಬಿಡು, ಎಲ್ರೂ ಓದ್ತಿರ್ತಾರೆ.

ಆದ್ರೆ ನಮ್ ವಾಟ್ಸಾಪ್ ಗ್ರೂಪಲ್ಲಿ ಬರೆದಿದ್ಯಲ್ಲ, "ಸೈನ್ಸ್ ಕೊಡಿಸ್ತೀನಿ, ಮನೆ ಹತ್ರ ಇರೋ ಕಾಲೇಜೇ ಆಗ್ಬೇಕು, ಹಾಸ್ಟೆಲ್ ಬೇಡ, ಮಾರ್ಕ್ಸ್ ಕಮ್ಮಿ ಆದ್ರೆ ಆಮೇಲೆ ಬಿಕಾಂ" ಅಂತ, ಅದು ಓದಿದಾಗಿಂದ ತಲೇಲೇ ಕೂತಿದೆ. ಯಾಕಂದ್ರೆ ದೊಡ್ಡೋನನ್ನ ಸೇರಿಸೋವಾಗ ನೀನು ಇದ್ಯಾವುದನ್ನೂ ಬರೆದಿರ್ಲಿಲ್ಲ, ಅವನನ್ನ ಮಂಗಳೂರು ಕಡೆ ರೆಸಿಡೆನ್ಷಿಯಲ್ ಕಾಲೇಜಿಗೆ ಬಿಟ್ಟು ಬಂದ ಫೋಟೋ ಹಾಕಿದ್ದೆ ಅಷ್ಟೇ.

ನಾನು ಅಡ್ಮಿಷನ್ ಟೇಬಲ್ ಹತ್ರ ಕೂತು ಕೂತು ಒಂದು ಗಮನಿಸಿದೀನಿ. ಹೆಣ್ಮಕ್ಕಳು ಓದಬಾರದು ಅಂತ ಹೇಳೋ ಅಪ್ಪ ಈಗ ಸಿಗೋದೇ ಇಲ್ಲ. ಎಲ್ರೂ ಓದಿಸ್ತಾರೆ, ಸಂತೋಷವಾಗೇ ಓದಿಸ್ತಾರೆ, ಆದ್ರೆ ಕಂಡಿಷನ್ ಮೇಲೆ. 2023ರ ಜೂನಲ್ಲಿ ಹೆಂಗಸರಿಗೆ ಸರ್ಕಾರಿ ಬಸ್ ಫ್ರೀ ಮಾಡಿದ ಶಕ್ತಿ ಯೋಜನೆ ಬಂದ್ಮೇಲೆ ಬಸ್ ಚಾರ್ಜಿನ ಮಾತು ನಿಂತೋಯ್ತು, ದೊಡ್ಡ ವಿಷಯ ಅದು, ಅದನ್ನ ಆಡ್ಕೊಳ್ಳೋರ ಜೊತೆ ನಾನು ಜಗಳಾನೇ ಆಡ್ತೀನಿ. ಆದ್ರೆ "ಮೇಡಂ, ಪ್ರಾಕ್ಟಿಕಲ್ ಎಷ್ಟೊತ್ತಿಗೆ ಮುಗಿಯುತ್ತೆ, ಕೊನೆ ಬಸ್ ಸಿಗುತ್ತಾ" ಅನ್ನೋ ಪ್ರಶ್ನೆ ಹಾಗೇ ಇದೆ, ಹುಡುಗಿ ಅಪ್ಪ ಮಾತ್ರ ಕೇಳ್ತಾನೆ. ಉತ್ತರ ಸರಿ ಬರ್ಲಿಲ್ಲ ಅಂದ್ರೆ ಅಲ್ಲೇ ನಿಂತು ಅರ್ಜೀಲಿ ಪಿಸಿಎಂಬಿ ಅಂತಿದ್ದ ಸೈನ್ಸ್ ಕಾಂಬಿನೇಷನ್ ಹೊಡೆದು ಹಾಕಿಸಿ ಆರ್ಟ್ಸ್ ಅಂತ ಬರೆಸ್ತಾನೆ, ಪಕ್ಕದಲ್ಲಿರೋ ಮಗಳನ್ನ ಯಾರೂ ಕೇಳಲ್ಲ.

ವಿಜ್ಞಾನಿ ಕಮಲಾ ಸೊಹೋನಿ ಕಥೆ ನಿಂಗೆ ಹೇಳಿದ್ನಾ? 1933ರಲ್ಲಿ ಬಾಂಬೆ ಯೂನಿವರ್ಸಿಟೀಲಿ ಬಿಎಸ್ಸಿ ಮುಗಿಸಿ ನಮ್ ಬೆಂಗಳೂರಿನ ಟಾಟಾ ಇನ್‌ಸ್ಟಿಟ್ಯೂಟ್‌ಗೆ, ಅಂದ್ರೆ ಈಗಿನ ಐಐಎಸ್‌ಸಿಗೆ, ಅರ್ಜಿ ಹಾಕಿದ್ರು, ಅವರಪ್ಪ, ಚಿಕ್ಕಪ್ಪ ಇಬ್ರೂ ಅಲ್ಲೇ ಓದಿದೋರು. ಆಗ ಡೈರೆಕ್ಟರ್ ಆಗಿದ್ದ ಸಿ.ವಿ. ರಾಮನ್ ಹೆಣ್ಣು ಅನ್ನೋ ಕಾರಣಕ್ಕೆ ಸೇರಿಸ್ಕೊಳ್ಳಲ್ಲ ಅಂದ್ರು. ಈಕೆ ಹಟ ಹಿಡಿದು ಅವರ ಆಫೀಸ್ ಮುಂದೆ ಸತ್ಯಾಗ್ರಹ ಕೂತ್ರು, ಕೊನೆಗೆ ಸೇರಿಸ್ಕೊಂಡ್ರು, ಕಂಡಿಷನ್ ಹಾಕಿ: ಮೊದಲ ವರ್ಷ ರೆಗ್ಯುಲರ್ ಸ್ಟೂಡೆಂಟ್ ಅಲ್ಲ, ಗಂಡು ಹುಡುಗರ ಗಮನ ಕೆಡಿಸಬಾರದು. ಒಂದು ವರ್ಷ ಅವರ ಕೆಲಸ ನೋಡಿ ರಾಮನ್ ಒಪ್ಕೊಂಡ್ರು, 1939ರಲ್ಲಿ ಕೇಂಬ್ರಿಡ್ಜಿಂದ ಪಿಎಚ್‌ಡಿನೂ ಬಂತು. ಇದನ್ನ ಕ್ಲಾಸಲ್ಲಿ ಹೇಳಿದಾಗ ಒಬ್ಬಳು ಹುಡುಗಿ ಎದ್ದು "ಅವರು ಆ ವರ್ಷ ಫೇಲ್ ಆಗಿದ್ರೆ ಮ್ಯಾಮ್?" ಅಂದ್ಲು.

ಆ ಪ್ರಶ್ನೆ ನನ್ನ ಬಿಡ್ತಿಲ್ಲ ಕಣೋ. ಪ್ರತಿ ವರ್ಷ ಪೇಪರಲ್ಲಿ "ಹೆಣ್ಣುಮಕ್ಕಳೇ ಮೇಲುಗೈ" ಅಂತ ಬರುತ್ತಲ್ಲ, 2024ರ ಎಸ್ಸೆಸ್ಸೆಲ್ಸೀಲಿ ಹುಡುಗಿಯರು ಶೇ. 81.11 ಪಾಸು, ಹುಡುಗರು ಶೇ. 65.90. ನಾನೂ ಅದನ್ನ ಹೆಮ್ಮೆಯಿಂದ ಸ್ಟೇಟಸ್ ಹಾಕ್ತಿದ್ದೆ. ಈಗ ಅನ್ಸುತ್ತೆ, ಆ ಮಾರ್ಕ್ಸಲ್ಲಿ ಬುದ್ಧಿ, ಶ್ರಮ ಎಲ್ಲ ಇದೆ, ಜೊತೆಗೆ ಭಯಾನೂ ಇದೆ. ಹುಡುಗ ಫೇಲಾದ್ರೆ ಮತ್ತೆ ಪರೀಕ್ಷೆ ಬರೀತಾನೆ, ಟ್ಯೂಷನ್ನಿಗೆ ಹಾಕ್ತಾರೆ. ಹುಡುಗಿ ಫೇಲಾದ್ರೆ ನಮ್ಮೂರ ಕಡೆ ಗಂಡು ನೋಡೋಕೆ ಶುರು. ಅವಳಿಗೆ ಮಾರ್ಕ್ಸ್ ಅಂದ್ರೆ ಜಾಮೀನು, ವರ್ಷ ವರ್ಷ ಕಟ್ತಾ ಇರಬೇಕು. ಹುಡುಗರು ಯಾಕೆ ಅಷ್ಟು ಜನ ಫೇಲಾಗ್ತಿದಾರೆ ಅನ್ನೋದೂ ಯೋಚನೆ ಮಾಡ್ಬೇಕಾದ್ದೇ, ಅದು ಇನ್ನೊಂದು ಪತ್ರ.

ಕಾಲೇಜಿಗೆ ಸೇರೋದ್ರಲ್ಲಿ ದೇಶದಲ್ಲೇ ಹುಡುಗಿಯರು ಸಮ ಆಗಿದಾರೆ, 2021-22ರ ಸರ್ಕಾರಿ ಸರ್ವೇಲಿ ಉನ್ನತ ಶಿಕ್ಷಣದ ದಾಖಲಾತಿ ಅನುಪಾತ (ಕಾಲೇಜು ವಯಸ್ಸಿನ ನೂರು ಜನಕ್ಕೆ ಎಷ್ಟು ದಾಖಲಾತಿ ಅನ್ನೋ ಲೆಕ್ಕ) ಹುಡುಗಿಯರದ್ದು 28.5, ಹುಡುಗರದ್ದು 28.3. ಅದೇ ಐಐಟಿಗಳಲ್ಲಿ 2018ರಿಂದ ಹುಡುಗಿಯರಿಗೆ ಅಂತಾನೇ ಹೆಚ್ಚುವರಿ ಸೀಟು ಮಾಡ್ಬೇಕಾಯ್ತು, 2020ಕ್ಕೆ ಶೇ. 20 ಮುಟ್ಟಿಸೋಕೆ. ಬುದ್ಧಿ ಕಮ್ಮಿ ಇತ್ತಾ? ಎರಡು ವರ್ಷ ಕೋಚಿಂಗಿಗೆ ಲಕ್ಷಗಟ್ಟಲೆ ಸುರಿದು, ಬೇರೆ ಊರಲ್ಲಿ ಬಿಡೋಕೆ ಯಾರ್ ಮೇಲೆ ಧೈರ್ಯ ಮಾಡ್ತಾರೆ ಹೇಳು.

ಇನ್ನೊಂದು ಹೇಳ್ಬಿಡ್ತೀನಿ, ನಿಂಗೂ ಗೊತ್ತಿಲ್ಲ ಇದು. ಪಿಯುಸಿ ಆದ್ಮೇಲೆ ನಂಗೂ ಸಿಇಟೀಲಿ ರ‍್ಯಾಂಕ್ ಬಂದಿತ್ತು, ಇಂಜಿನಿಯರಿಂಗ್ ಸಿಗೋ ರ‍್ಯಾಂಕು, ಕೌನ್ಸೆಲಿಂಗ್ ಲೆಟರ್ ಕೂಡ ಬಂದಿತ್ತು. ಬೆಂಗಳೂರಿಗೆ ಹೋಗೋ ದಿನ ಅಪ್ಪ "ಅಷ್ಟು ದೂರ ಬೇಡಮ್ಮ" ಅಂದ್ರು, ಜೋರು ಮಾಡ್ಲಿಲ್ಲ, ಪ್ರೀತಿಯಿಂದಾನೇ ಅಂದ್ರು. ಆಮೇಲೆ ತಮ್ಮನಿಗೆ ಹೊಲದ ಮೇಲೆ ಸಾಲ ತೆಗೆದು ಪೇಮೆಂಟ್ ಸೀಟ್ ಕೊಡಿಸಿದ್ರು. ನಾನು ಎಲ್ರ ಹತ್ರಾನೂ "ನಂಗೆ ಟೀಚಿಂಗೇ ಇಷ್ಟ" ಅಂತ ಹೇಳ್ಕೊಂಡು ಬಂದೆ, ಈಗ ಇಷ್ಟಾನೂ ಹೌದು, ನನ್ ಕೆಲಸ ಪ್ರಾಣ ನಂಗೆ. ಆದ್ರೂ ಸೀಟ್ ಹಂಚಿಕೆ ಲಿಸ್ಟ್ ಬಂದಾಗೆಲ್ಲ ಆ ರ‍್ಯಾಂಕಿಗೆ ಈಗ ಏನ್ ಸಿಗುತ್ತೆ ಅಂತ ಹುಡುಕಿ ನೋಡ್ತೀನಿ ಕಣೋ. ಅಪ್ಪನ ಮೇಲೆ ಸಿಟ್ಟಿಲ್ಲ. ಸಂಕಟ ಇದೆ, ಹೋಗಿಲ್ಲ.

ಇಷ್ಟೆಲ್ಲ ಬರೀಬೇಕು ಅಂತಿರ್ಲಿಲ್ಲ, ಬಂದ್ಬಿಡ್ತು, ಇರ್ಲಿ.

ನೀನು ಒಳ್ಳೆ ಅಪ್ಪ, ಅದ್ರಲ್ಲಿ ನಂಗೆ ಡೌಟಿಲ್ಲ, ಅದಕ್ಕೇ ಇಷ್ಟು ಧೈರ್ಯವಾಗಿ ಹೇಳ್ತಿರೋದು. ಅಣ್ಣನಿಗೆ ಇಲ್ಲದ ಕಂಡಿಷನ್ ತಂಗಿಗೂ ಬೇಡ. ಹಾಸ್ಟೆಲ್ ಬೇಡ ಅಂತ ಅವಳೇ ಅಂದ್ರೆ ಬೇರೆ ಮಾತು, ಕೇಳು ಮೊದಲು. ಅವಳ ನಂಬರ್ ಕಳ್ಸು, ಕಾಂಬಿನೇಷನ್ ಬಗ್ಗೆ ನಾನೇ ಮಾತಾಡ್ತೀನಿ, ನೀನು ಮಧ್ಯ ಬಾಯಿ ಹಾಕೋ ಹಾಗಿಲ್ಲ. ಮತ್ತೆ ಗಣೇಶನ ಹಬ್ಬಕ್ಕೆ ಬಂದಾಗ ಎಲ್ರಿಗೂ ಮಂಡಕ್ಕಿ ಮಿರ್ಚಿ ನಿಂದೇ ಖರ್ಚು, ಯಾಕೆ ಅಂತ ಮೂರನೇ ಬೆಂಚಿನವರಿಗೆಲ್ಲ ಗೊತ್ತು.

ಇಂತಿ,
ನಿನ್ನ ಲ್ಯಾಬ್ ಪಾರ್ಟ್ನರ್